ಕಿರುಮೀನಿನ ಶರಣಾಗತಿ

ಮತ್ಸ್ಯಾವತಾರದ ಕಥೆಯನ್ನು ಕೇಳದ ಮನೆಯು ಈ ಸೀಮೆಯಲ್ಲಿ ಇರಲಾರದು. ಪ್ರಳಯ, ನೌಕೆ, ಮೀನಿನ ಕೊಂಬಿಗೆ ಬಿಗಿದ ಹಗ್ಗ, ಕೇಳಿದವರ ನೆನಪಿನಲ್ಲಿ ನಿಲ್ಲುವುವು ಇವೇ. ಆದರೆ ಕಥೆಯು ಮೊದಲಾಗುವುದು ಅಷ್ಟು ದೊಡ್ಡ ಸಂಗತಿಯಿಂದಲ್ಲ. ಬೆಳಗಿನ ಹೊತ್ತು ಕೈತೊಳೆಯಲೆಂದು ತಂದ ನೀರಿನೊಡನೆ ಒಂದು ಸಣ್ಣ ಮೀನು ಮನುವಿನ ಕೈಗೆ ಬರುತ್ತದೆ. ತನ್ನನ್ನು ಕಾಪಾಡಬೇಕೆಂದು ಬೇಡುತ್ತದೆ. ಆರಂಭವು ಇಷ್ಟೇ. ಪ್ರಳಯವನ್ನು ಬದಿಗಿರಿಸಿ ಈ ಆರಂಭವೊಂದನ್ನೇ ಹಿಡಿದು ಆಲೋಚಿಸಿದರೆ ಧರ್ಮವಿಚಾರದ ಕಠಿನವಾದ ಪ್ರಶ್ನೆಯೊಂದು ಎದುರು ಬಂದು ನಿಲ್ಲುತ್ತದೆ. ಊರವರ ಬಾಯಲ್ಲಿ ಹೆಸರಿಲ್ಲದ, ಅಡುಗೆಮನೆಗೂ ಸಂತೆಗೂ ಬೇಡವಾದ, ಕಣ್ಣಿಗೆ ಸುಲಭವಾಗಿ ಬೀಳದ ಒಂದು ಕಿರುಜೀವಿಯನ್ನು ಮನುಷ್ಯನು ಏತಕ್ಕಾಗಿ ಕಾಪಾಡಬೇಕು?

ಈ ಕಥೆಯು ಬೇರೆ ಬೇರೆ ಗ್ರಂಥಗಳಲ್ಲಿ ಬೇರೆ ಬೇರೆ ಬಗೆಯಾಗಿ ಬಂದಿದೆ. ಆ ಭೇದಗಳು ಬರಿಯ ಪಾಠಾಂತರಗಳಲ್ಲ. ಶತಪಥ ಬ್ರಾಹ್ಮಣದಲ್ಲಿ ಮೀನು ಮೊದಲೇ ಮಾತು ಕೊಡುತ್ತದೆ: ನೀನು ನನ್ನನ್ನು ಪೋಷಿಸು, ನಾನು ನಿನ್ನನ್ನು ದಾಟಿಸುವೆನು. ಯಾವುದರಿಂದ ದಾಟಿಸುವೆ ಎಂದು ಮನುವು ಕೇಳುತ್ತಾನೆ. ಬರಲಿರುವ ಮಹಾಪ್ರವಾಹದ ಸುದ್ದಿಯನ್ನು ಮೀನು ತಿಳಿಸಿದ ಮೇಲೆಯೇ, ಹಾಗಾದರೆ ನಿನ್ನನ್ನು ಪೋಷಿಸುವುದು ಹೇಗೆ ಎಂಬ ಪ್ರಶ್ನೆಯು ಅವನ ಬಾಯಿಂದ ಹೊರಡುತ್ತದೆ. ಇದೊಂದು ಒಪ್ಪಂದ, ಎರಡು ಕಡೆಯವರೂ ತಮ್ಮ ತಮ್ಮ ಲಾಭವನ್ನು ಅರಿತೇ ಮಾಡಿಕೊಂಡದ್ದು. ಮಹಾಭಾರತದ ವನಪರ್ವದಲ್ಲಿ ಮಾರ್ಕಂಡೇಯನು ಹೇಳುವಾಗ ಪ್ರತ್ಯುಪಕಾರದ ಮಾತು ಇದೆಯಾದರೂ ಪ್ರಳಯದ ಹೆಸರು ಇನ್ನೂ ಬಂದಿಲ್ಲ. ಬಲವುಳ್ಳ ಮೀನುಗಳು ಬಲವಿಲ್ಲದವನ್ನು ನುಂಗುವ ಭಯವನ್ನು ಕೇಳಿ ಮನುವಿನ ಮನಸ್ಸು ಕರಗುತ್ತದೆ, ಅವನು ಮೀನನ್ನು ಕೈಗೆತ್ತಿಕೊಳ್ಳುತ್ತಾನೆ.

ಭಾಗವತದ ಎಂಟನೆಯ ಸ್ಕಂಧಕ್ಕೆ ಬಂದಾಗ ಒಪ್ಪಂದವು ಪೂರ್ತಿಯಾಗಿ ಕಳಚಿ ಬಿದ್ದಿದೆ. ಅಲ್ಲಿ ಮನುವಿನ ಸ್ಥಾನದಲ್ಲಿ ದ್ರವಿಡದೇಶದ ಅರಸನಾದ ಸತ್ಯವ್ರತನಿದ್ದಾನೆ. ಕೃತಮಾಲಾ ನದಿಯಲ್ಲಿ ಅವನು ತರ್ಪಣ ಕೊಡುತ್ತಿರುವಾಗ ಅಂಜಲಿಯ ನೀರಿನಲ್ಲಿ ಒಂದು ಶಫರಿಯು ಕಾಣಿಸುತ್ತದೆ. ಶಫರಿಯೆಂದರೆ ತಿಳಿನೀರಿನಲ್ಲಿ ಮಿಂಚಿ ಮರೆಯಾಗುವ ಸಣ್ಣ ಮೀನು. ಚಂಚಲವಾದ ಕಣ್ಣುಗಳನ್ನು ವರ್ಣಿಸಬೇಕಾದಾಗ ಕವಿಗಳು ನೆನೆಯುವ ಮೀನು. ಅರಸನು ಮಾಡಿದ ಮೊದಲ ಕೆಲಸವೆಂದರೆ ಅದನ್ನು ನೀರಿನೊಡನೆ ಹೊಳೆಗೇ ಚೆಲ್ಲಿದ್ದು. ಇಂದಿನ ಯಾವ ಸಜ್ಜನನಾದರೂ ಮಾಡುವುದು ಅದನ್ನೇ. ಅದರಲ್ಲಿ ದೋಷವೂ ಕಾಣದು. ಆದರೆ ಮೀನು ಆಕ್ಷೇಪಿಸುತ್ತದೆ: ತನ್ನ ಕುಲದವರನ್ನೇ ಕೊಂದು ತಿನ್ನುವ ಜಲಚರಗಳಿಗೆ ಹೆದರುವ ತನ್ನನ್ನು ಅವುಗಳ ನಡುವೆಯೇ ಬಿಡುವೆಯಾ ಎಂದು. ಯಾವ ಪ್ರತಿಫಲವನ್ನೂ ಅದು ಮುಂದಿಡುವುದಿಲ್ಲ. ಅರಸನು ಅದನ್ನು ಕಮಂಡಲುವಿನಲ್ಲಿಟ್ಟು ಆಶ್ರಮಕ್ಕೆ ಒಯ್ಯುತ್ತಾನೆ. ಇದು ಭಗವಂತನೆಂದು ಅವನಿಗೆ ಆಗ ತಿಳಿದಿರಲಿಲ್ಲವೆಂಬುದನ್ನು ಪುರಾಣಕಾರನು ಎಚ್ಚರದಿಂದ ಒಂದು ಪದದಲ್ಲಿ ಸೇರಿಸಿ ಹೇಳಿದ್ದಾನೆ. ಆ ಪದವೊಂದು ಇಲ್ಲದಿದ್ದರೆ ಕಥೆಯ ಬೆಲೆಯೇ ಬೇರೆಯಾಗುತ್ತಿತ್ತು. ದೇವರೆಂದು ತಿಳಿದು ಕಾಪಾಡುವುದು ಭಕ್ತಿ, ಲಾಭವನ್ನರಿತು ಕಾಪಾಡುವುದು ವ್ಯವಹಾರ. ಸತ್ಯವ್ರತನು ಮಾಡಿದ್ದು ಇವೆರಡರಲ್ಲಿ ಒಂದೂ ಅಲ್ಲ.

ಕಡಬದ ಸೀಮೆಯವರಿಗೆ ಇದು ಪುರಾಣಶ್ರವಣದೊಡನೆ ಮುಗಿಯುವ ವಿಷಯವಲ್ಲ. ಪುತ್ತೂರು ಮತ್ತು ಸುಳ್ಯ ತಾಲೂಕುಗಳ ಭಾಗಗಳನ್ನು ಕೂಡಿಸಿ ರಚಿಸಿದ ಈ ತಾಲೂಕಿನ ಬೆನ್ನೆಲುಬು ಕುಮಾರಧಾರಾ ನದಿ. ಸಮುದ್ರಮಟ್ಟದಿಂದ 1712 ಮೀಟರು ಎತ್ತರವಿರುವ ಪುಷ್ಪಗಿರಿ, ಎಂದರೆ ಕುಮಾರಪರ್ವತದ ಕಡೆಯ ಕಾಡುಗಳಿಂದ ಇಳಿದು, ಸುಬ್ರಹ್ಮಣ್ಯಕ್ಷೇತ್ರವನ್ನು ಹಾದು, ಉಪ್ಪಿನಂಗಡಿಯಲ್ಲಿ ಇದು ನೇತ್ರಾವತಿಯನ್ನು ಕೂಡುತ್ತದೆ. ಈ ಹೊಳೆಯಲ್ಲಿಯೂ ಇದಕ್ಕೆ ಸೇರುವ ಹಳ್ಳಗಳಲ್ಲಿಯೂ ಬೇಸಗೆಯಲ್ಲಿ ಸಹ ಬತ್ತದ ಆಳವಾದ ಮಡುಗಳಿವೆ. ಗಯವೆಂದು ಅವುಗಳನ್ನು ಕರೆಯುವುದು ವಾಡಿಕೆ. ನಾಕೂರುಗಯದಲ್ಲಿ, ಏನೆಕಲ್ಲಿನಲ್ಲಿ, ಸುಬ್ರಹ್ಮಣ್ಯದ ಸ್ನಾನಘಟ್ಟದಲ್ಲಿ ತಲೆತಲಾಂತರದಿಂದ ಯಾರೂ ಬಲೆ ಬೀಸದ ದೊಡ್ಡ ಮೀನುಗಳಿವೆ. ದೇವರ ಮೀನುಗಳೆಂದು ಅವುಗಳಿಗೆ ಹೆಸರು. ಯಾತ್ರಿಕರು ಹುರಿಯಕ್ಕಿಯನ್ನೋ ಅರಳನ್ನೋ ಎರಚಿದರೆ ನೀರು ಕಲಕುವಂತೆ ಮೇಲೆದ್ದು ಬರುವುವು. ವಿದ್ವಾಂಸರು ಮಹಸೀರ್ ಎಂಬ ಕುಲಕ್ಕೆ ಇವನ್ನು ಸೇರಿಸುತ್ತಾರೆ. 1839ರಲ್ಲಿ ಕರ್ನಲ್ ಸೈಕ್ಸ್ ಎಂಬಾತನು ಪಶ್ಚಿಮಘಟ್ಟದ ನದಿಗಳ ಮಹಸೀರನ್ನು ವರ್ಣಿಸಿ ಖುದ್ರೀ ಎಂಬ ಹೆಸರನ್ನು ಇಟ್ಟನು.

ಈ ವಾಡಿಕೆಯನ್ನು ಹಗುರವಾಗಿ ಕಾಣುವವರು ತಿಳಿಯದವರು. ಕಾವಲುಗಾರನಿಲ್ಲದೆ, ದಂಡವಿಲ್ಲದೆ, ಫಲಕವನ್ನು ನೆಡದೆ, ಮೀನನ್ನು ತಿನ್ನುವವರೂ ತಿನ್ನದವರೂ ಒಂದೇ ಮನಸ್ಸಿನಿಂದ ಒಂದು ಮಡುವನ್ನು ತಲೆಮಾರುಗಳ ವರೆಗೆ ಬಿಟ್ಟುಕೊಟ್ಟರೆಂಬುದು ಸಣ್ಣ ಸಂಗತಿಯಲ್ಲ. ಬೇರೆ ಕಡೆಗಳಲ್ಲಿ ಸರಕಾರದ ಕಾಯಿದೆಯು ಬಹಳ ಪ್ರಯಾಸದಿಂದ ಮಾಡಿದ್ದನ್ನು ಇಲ್ಲಿ ಶ್ರದ್ಧೆಯು ಸದ್ದಿಲ್ಲದೆ ಮಾಡಿತು. ಅದಾಗ್ಯೂ ಶ್ರದ್ಧೆಯ ಗೆರೆಯು ಗಯದ ಗೆರೆಯೇ ಆಗಿದೆಯೆಂಬುದನ್ನು ಒಪ್ಪಿಕೊಳ್ಳಬೇಕು. ಮಡುವಿನೊಳಗೆ ಇರುವಾಗ ದೇವರದಾದ ಮೀನು ನಾಲ್ಕು ಮಾರು ಕೆಳಗೆ ಇಳಿದರೆ ಬರಿಯ ಮೀನಾಗುತ್ತದೆ. ಅದೇ ನೀರಿನಲ್ಲಿದ್ದರೂ ಅರಳಿಗೆ ಮೇಲೆದ್ದು ಬಾರದ ಮೀನುಗಳ ಕಡೆಗೆ ಯಾತ್ರಿಕನ ಕಣ್ಣು ಹೋಗುವುದೇ ಇಲ್ಲ.

ಅಂತಹ ಮೀನುಗಳು ಎಂತಹವು? ಘಟ್ಟದಿಂದ ಇಳಿಯುವ ತೊರೆಗಳ ರಭಸದಲ್ಲಿ, ಕಾಲಿಟ್ಟರೆ ಜಾರುವ ಬಂಡೆಗಳ ಮೇಲೆ, ಬೆರಳುದ್ದದ ಒಂದು ಮೀನು ಅಂಟಿಕೊಂಡು ಬಾಳುತ್ತದೆ. ಮದ್ರಾಸಿನ ಸೇನೆಯಲ್ಲಿ ವೈದ್ಯನಾಗಿದ್ದ ಜೆರ್ಡನ್ ಎಂಬಾತನು 1849ರಲ್ಲಿ ಮೊತ್ತಮೊದಲಾಗಿ ಇದನ್ನು ವರ್ಣಿಸಿದನು. ಈಗಿನ ಶಾಸ್ತ್ರನಾಮವು ಭವಾನಿಯಾ ಆಸ್ಟ್ರಾಲಿಸ್. ಇದರ ಹೊಟ್ಟೆಯ ಭಾಗವು ಮಣೆಯಂತೆ ಚಪ್ಪಟೆ. ಎದೆಯ ಮತ್ತು ಹೊಟ್ಟೆಯ ಈಜುರೆಕ್ಕೆಗಳು ಎರಡು ಪಕ್ಕಗಳಿಗೂ ಬೀಸಣಿಗೆಯಂತೆ ಹರಡಿ ಕಲ್ಲನ್ನು ಅಪ್ಪಿಕೊಳ್ಳುತ್ತವೆ. ಬಾಯಿ ಕೆಳಗಡೆಗೆ ಇರುವುದರಿಂದ ಕಲ್ಲಿನ ಮೇಲೆ ಬೆಳೆದ ತೆಳುವಾದ ಪಾಚಿಯನ್ನು ಹೆರೆದು ತಿಂದು ಜೀವಿಸುತ್ತದೆ. ಪ್ರವಾಹವು ಮೇಲೆ ಹಾಯುವಾಗ ಇದನ್ನು ಎತ್ತಿ ಒಯ್ಯುವುದಕ್ಕೆ ಬದಲಾಗಿ ಕಲ್ಲಿಗೆ ಇನ್ನಷ್ಟು ಒತ್ತುವಂತೆ ಇದರ ಶರೀರದ ಕಟ್ಟು. ಪಂಜಾಬಿನಲ್ಲಿ ಹುಟ್ಟಿ, ಮುಂದೆ ಭಾರತದ ಪ್ರಾಣಿಶಾಸ್ತ್ರ ಸರ್ವೇಕ್ಷಣಾ ಇಲಾಖೆಯ ನಿರ್ದೇಶಕರಾದ ಸುಂದರಲಾಲ್ ಹೋರಾ ಅವರು ಇಂತಹ ತೊರೆಮೀನುಗಳ ಅಭ್ಯಾಸಕ್ಕಾಗಿ ಬಹುಕಾಲವನ್ನು ವಿನಿಯೋಗಿಸಿದರು. ರಭಸದ ನೀರಿನ ಜೀವಿಗಳನ್ನು ಕುರಿತ ಅವರ ದೊಡ್ಡ ಪ್ರಬಂಧವು 1930ರಲ್ಲಿ ಲಂಡನ್ನಿನ ರಾಯಲ್ ಸೊಸೈಟಿಯ ಪತ್ರಿಕೆಯಲ್ಲಿ ಅಚ್ಚಾಯಿತು. ಹಿಮಾಲಯದ ಮತ್ತು ಪಶ್ಚಿಮಘಟ್ಟದ ತೊರೆಗಳಲ್ಲಿ ಒಂದೇ ಬಗೆಯ ಮೀನುಗಳು ಕಾಣುವುದೇಕೆ ಎಂಬುದಕ್ಕೆ ಸಾತಪುಡ ಪರ್ವತದ ಸಾಲಿನ ಮೂಲಕ ಅವು ದಕ್ಷಿಣಕ್ಕೆ ಬಂದಿರಬೇಕೆಂದು ಅವರು ಊಹಿಸಿದರು. ಈ ಊಹೆಯನ್ನು ಮುಂದಿನವರೆಲ್ಲರೂ ಒಪ್ಪಲಿಲ್ಲ. ಆದರೆ ದಾರಿಹೋಕನು ತಿರುಗಿ ನೋಡದ ಒಂದು ಮೀನಿನಿಂದ ದೇಶದ ಪರ್ವತಗಳ ಪೂರ್ವಚರಿತ್ರೆಯನ್ನೇ ಕೇಳಿ ತಿಳಿಯಲು ಒಬ್ಬ ವಿದ್ವಾಂಸನು ಹೊರಟನೆಂಬುದು ಸಣ್ಣ ಮಾತಲ್ಲ.

ತೋಟದ ಕಾಲುವೆಗಳಲ್ಲಿ, ಕೆರೆಯ ಅಂಚಿನಲ್ಲಿ, ನೀರಿನ ಮೇಲ್ಮೈಗೆ ತಾಗಿದಂತೆ ನಿಲ್ಲುವ ಇನ್ನೊಂದು ಸಣ್ಣ ಮೀನು ಇದೆ. ನೆತ್ತಿಯ ಮೇಲೆ ಬೆಳ್ಳಿಯ ಬೊಟ್ಟನ್ನು ಇಟ್ಟಂತೆ ಒಂದು ಹೊಳೆಯುವ ಚುಕ್ಕೆ. ಮನೆಯ ಮಕ್ಕಳೆಲ್ಲರೂ ಇದನ್ನು ಕಂಡವರೇ. ಸೊಳ್ಳೆಯ ಮರಿಗಳನ್ನು ತಿನ್ನುವುದು ಇದರ ಕಸುಬು. ಇಲ್ಲಿಗೆ ಉಪಯೋಗದ ಪ್ರಶ್ನೆಯು ತಾನಾಗಿಯೇ ಬಂದು ಸೇರಿತು.

ಇಂದಿನ ಕಾಲದಲ್ಲಿ ಕಿರುಜೀವಿಗಳ ಪರವಾಗಿ ಮಾತನಾಡುವವರು ಹೆಚ್ಚಾಗಿ ಹಿಡಿಯುವುದು ಉಪಯೋಗದ ದಾರಿಯನ್ನೇ. ಮೀನು ಸೊಳ್ಳೆಯನ್ನು ತಿನ್ನುತ್ತದೆ, ಪಾಚಿಯನ್ನು ಕಡಮೆಮಾಡುತ್ತದೆ, ಅದು ಇರುವುದು ನೀರು ಶುದ್ಧವಾಗಿದೆಯೆಂಬುದಕ್ಕೆ ಗುರುತು, ಆದುದರಿಂದ ಕಾಪಾಡಬೇಕು ಎಂದು. ಇದರಲ್ಲಿ ಸುಳ್ಳೇನೂ ಇಲ್ಲ. ಆದರೆ ಇದು ಶತಪಥದ ಮನುವಿನ ದಾರಿ. ದಾಟಿಸುವುದು ಯಾವುದರಿಂದ ಎಂದು ಮೊದಲು ಕೇಳಿ ಆಮೇಲೆ ಕೈಚಾಚುವ ದಾರಿ. ಫಲಕ್ಕಾಗಿ ಕೈಕೊಂಡ ಕೆಲಸವು ಫಲವು ಬೇರೆ ಕಡೆಯಿಂದ ಸುಲಭವಾಗಿ ದೊರೆತಾಗ ನಿಂತುಹೋಗುವುದು ಸಹಜ. 1928ರಲ್ಲಿ ಸೊಳ್ಳೆಗಳ ನಾಶಕ್ಕೆಂದು ಇಟಲಿಯಿಂದ ಗ್ಯಾಂಬೂಸಿಯಾ ಎಂಬ ಅಮೆರಿಕದ ಮೂಲದ ಸಣ್ಣ ಮೀನನ್ನು ಈ ದೇಶಕ್ಕೆ ತಂದರು, ಬಾವಿಕೆರೆಗಳಲ್ಲಿ ಬಿಟ್ಟರು. ತಂದವರ ಉದ್ದೇಶವು ಒಳ್ಳೆಯದೇ ಆಗಿತ್ತು, ಮಲೇರಿಯವು ಕೊಂದ ಜನರ ಸಂಖ್ಯೆಯನ್ನು ನೆನೆದರೆ ಅವರನ್ನು ದೂರುವ ಧೈರ್ಯವಾಗದು. ಆದರೆ ಆ ಹೊಸಮೀನು ಸೊಳ್ಳೆಯ ಮರಿಗಳೊಡನೆ ಇತರ ಮೀನುಗಳ ಮೊಟ್ಟೆಗಳನ್ನೂ ಮರಿಗಳನ್ನೂ ತಿನ್ನುವಂತಹದು. ನೆತ್ತಿಯಲ್ಲಿ ಬೊಟ್ಟಿಟ್ಟುಕೊಂಡು ಇಲ್ಲಿಯೇ ಆ ಕೆಲಸವನ್ನು ಸಂಬಳವಿಲ್ಲದೆ ಮಾಡುತ್ತಿದ್ದ ಮೀನಿನ ಕಡೆಗೆ ಯಾರೂ ನೋಡಲಿಲ್ಲ. ಉಪಯೋಗವನ್ನು ಮಾತ್ರ ಕಾಣುವ ಕಣ್ಣಿಗೆ ಕೆಲವು ವೇಳೆ ಉಪಯೋಗವೂ ಸರಿಯಾಗಿ ಕಾಣುವುದಿಲ್ಲವೆಂದು ತೋರುತ್ತದೆ.

ಸೌಂದರ್ಯವು ಕಾಪಾಡೀತೆಂದರೆ ಅದೂ ನಿಜವಲ್ಲ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನ ಪ್ರಾಣಿಶಾಸ್ತ್ರದ ಪ್ರಾಧ್ಯಾಪಕರಾಗಿದ್ದು, ಮುಂದೆ 1932ರಲ್ಲಿ ಮೊದಲಾದ ‘ಕರೆಂಟ್ ಸಾಯನ್ಸ್’ ಪತ್ರಿಕೆಯ ಮೊದಲ ಸಂಪಾದಕರಾದ ಸಿ. ಆರ್. ನಾರಾಯಣರಾಯರು 1920ರಲ್ಲಿ ತುಂಗಾನದಿಯ ಒಂದು ಕಿರುಮೀನನ್ನು ಲೋಕಕ್ಕೆ ಪರಿಚಯಮಾಡಿಕೊಟ್ಟರು. ಮೈತುಂಬ ಸಣ್ಣ ಸಣ್ಣ ಪಟ್ಟೆಗಳಿರುವ ಈ ಮೀನಿಗೆ ಬೋಷಿಯಾ ಸ್ಟ್ರಯಾಟಾ ಎಂದು ಹೆಸರಾಯಿತು. ಚೆಲುವಿಗೆ ಬಂದ ಫಲವೇನೆಂದರೆ, ಗಾಜಿನ ತೊಟ್ಟಿಗಳಲ್ಲಿ ಮೀನಿಟ್ಟು ನೋಡುವ ಪರದೇಶದ ಮನೆಗಳಿಗೆ ಇದನ್ನು ಹಿಡಿದು ಕಳುಹಿಸುವ ವ್ಯಾಪಾರವು ಬೆಳೆಯಿತು. 2005ರಿಂದ 2012ರ ವರೆಗೆ ಭಾರತದಿಂದ ಹೀಗೆ ಹೊರಗೆ ಹೋದ, ಅಳಿವಿನ ಅಂಚಿನಲ್ಲಿರುವ 30 ಜಾತಿಗಳ ಸಿಹಿನೀರಿನ ಮೀನುಗಳ ಸಂಖ್ಯೆಯು 15 ಲಕ್ಷಕ್ಕೆ ಕಡಮೆಯಿಲ್ಲವೆಂದು 2013ರಲ್ಲಿ ಪ್ರಕಟವಾದ ಒಂದು ಪರಿಶೀಲನೆಯಲ್ಲಿ ಲೆಕ್ಕ ಹಾಕಿದ್ದಾರೆ. ಅವುಗಳಲ್ಲಿ ತುಂಗೆಯ ಈ ಪಟ್ಟೆಮೀನಿನ ಪಾಲು ದೊಡ್ಡದು. ಮೀನಿಗೆ ಹೆಸರು ಬಂದುದು ವಿದ್ಯೆಯ ಮೂಲಕ; ಆ ಹೆಸರನ್ನು ಕೇಳಿ ಹಿಂದೆ ಬಂದುದು ಬಲೆ.

ಮೀನಿಗೆ ಅನ್ನವನ್ನು ಎರಚುವುದು ಸಹ ತಾನಾಗಿಯೇ ದಯೆಯ ಗುರುತಲ್ಲವೆಂಬುದನ್ನು ತೋರಿಸುವ ಒಂದು ಹಳೆಯ ಗ್ರಂಥವು ಕನ್ನಡನಾಡಿನದೇ ಆಗಿದೆ. ಹನ್ನೆರಡನೆಯ ಶತಮಾನದಲ್ಲಿ ಕಲ್ಯಾಣದ ಚಾಲುಕ್ಯ ಚಕ್ರವರ್ತಿಯಾದ ಮೂರನೆಯ ಸೋಮೇಶ್ವರನು ಬರೆದ ‘ಮಾನಸೋಲ್ಲಾಸ’ದಲ್ಲಿ ಮತ್ಸ್ಯವಿನೋದವೆಂಬ ಪ್ರಕರಣವಿದೆ. ಮೀನಿನ ಜಾತಿಗಳಾವುವು, ಯಾವ ಮೀನಿಗೆ ಯಾವ ಉಂಡೆಯನ್ನು ಹಾಕಿ ಪಳಗಿಸಬೇಕು, ಪಳಗಿದ ಮೇಲೆ ಗಾಳದಿಂದ ಹಿಡಿಯುವ ಬಗೆ ಹೇಗೆ ಎಂಬುದನ್ನು ಅರಸನು ಬಹಳ ಸೂಕ್ಷ್ಮವಾಗಿ ಹೇಳಿದ್ದಾನೆ. ಮೀನುಗಳ ವಿಚಾರದಲ್ಲಿ ಅಂದಿನ ತಿಳಿವಳಿಕೆಯು ಎಷ್ಟಿತ್ತೆಂಬುದಕ್ಕೆ ಆ ಪ್ರಕರಣವು ಸಾಕ್ಷಿ. ಹೋರಾ ಅವರೇ ಅದನ್ನು ಕುರಿತು ಮೆಚ್ಚಿ ಬರೆದಿದ್ದಾರೆ. ನದಿಯ ದಡದಲ್ಲಿ ನಿಂತು ಅರಸನ ಕೈಯೂ ಉಂಡೆಯನ್ನು ಎಸೆಯಿತು, ಯಾತ್ರಿಕನ ಕೈಯೂ ಅರಳನ್ನು ಎಸೆಯುತ್ತದೆ. ದೂರದಿಂದ ನೋಡುವವನಿಗೆ ಎರಡು ಕೈಗಳೂ ಒಂದೇ.

ಹಾಗಾದರೆ ದೇವತ್ವ, ಉಪಯೋಗ, ಸೌಂದರ್ಯ ಇವು ಯಾವುವೂ ಕಿರುಮೀನಿಗೆ ಗಟ್ಟಿಯಾದ ಆಸರೆಯಲ್ಲವೆಂದಾಯಿತು. ಸತ್ಯವ್ರತನನ್ನು ಕಟ್ಟಿಹಾಕಿದ್ದು ಯಾವುದು? ಮೀಮಾಂಸಕರು ಕರ್ಮಗಳನ್ನು ನಿತ್ಯ, ನೈಮಿತ್ತಿಕ, ಕಾಮ್ಯಗಳೆಂದು ವಿಭಾಗಿಸಿರುವುದುಂಟಷ್ಟೆ. ಫಲವನ್ನು ಬಯಸುವವನು ಮಾಡತಕ್ಕದ್ದು ಕಾಮ್ಯ. ಬಯಕೆಯಿಲ್ಲದವನು ಅದನ್ನು ಬಿಡಬಹುದು. ನೈಮಿತ್ತಿಕವು ಹಾಗಲ್ಲ. ಗ್ರಹಣವು ಹಿಡಿದರೆ ಸ್ನಾನಮಾಡಬೇಕು. ಇದರಿಂದ ತನಗೇನು ದೊರೆಯುವುದೆಂದು ಯಾರೂ ಕೇಳುವುದಿಲ್ಲ. ನಿಮಿತ್ತವು ಒದಗಿತು, ಕರ್ತವ್ಯವು ಹುಟ್ಟಿತು, ಬಿಟ್ಟರೆ ಪ್ರತ್ಯವಾಯ. ಅಂಜಲಿಯಲ್ಲಿ ಮೀನು ಬಂದುದು ಅಂತಹ ನಿಮಿತ್ತವೆಂದು ತಿಳಿದರೆ ಕಥೆಯು ಸ್ಪಷ್ಟವಾಗುತ್ತದೆ. ಲೋಕದ ಸಮಸ್ತ ಮೀನುಗಳ ಭಾರವನ್ನು ಯಾರೂ ಆ ಅರಸನ ಮೇಲೆ ಹೊರಿಸಲಿಲ್ಲ. ಒಂದು ಜೀವದ ಅಳಿವು ಉಳಿವುಗಳು ಅವನ ಕೈಯೊಳಗೆ ಬಂದವು. ಆ ಮೀನಿನ ಗುಣವು ಏನೇ ಇರಲಿ, ಅದು ತನ್ನ ಕೈಯಲ್ಲಿದೆ ಎಂಬುದೊಂದೇ ಅವನನ್ನು ಬಂಧಿಸಿತು.

ಇದನ್ನು ಒಪ್ಪಿದರೆ ಇನ್ನೊಂದು ಮಾತನ್ನೂ ಒಪ್ಪಬೇಕಾಗುತ್ತದೆ. ಕೈಯು ಎಷ್ಟು ದೂರ ಚಾಚುವುದೋ ಕರ್ತವ್ಯವೂ ಅಷ್ಟು ದೂರ ಚಾಚಿಕೊಳ್ಳುತ್ತದೆ. ಸತ್ಯವ್ರತನ ಕೈಯು ಬೊಗಸೆಯಷ್ಟು. ಇಂದಿನ ಗೃಹಸ್ಥನ ಕೈಯ ಅಳತೆ ಎಷ್ಟು?

ಅಶೋಕನ ಐದನೆಯ ಸ್ತಂಭಶಾಸನವನ್ನು ಇಲ್ಲಿ ನೆನೆಯುವುದು ಯುಕ್ತ. ಪಟ್ಟವಾಗಿ 26 ವರ್ಷಗಳಾದ ಮೇಲೆ ಬರೆಯಿಸಿದ ಆ ಶಾಸನದಲ್ಲಿ ಕೊಲ್ಲಬಾರದ ಪ್ರಾಣಿಗಳ ಒಂದು ಪಟ್ಟಿಯಿದೆ. ಕೆಲವು ಬಗೆಯ ಮೀನುಗಳೂ ಅದರಲ್ಲಿ ಸೇರಿವೆ. ಗೊತ್ತಾದ ಪರ್ವದಿನಗಳಲ್ಲಿ ಮೀನನ್ನು ಕೊಲ್ಲಲೂ ಮಾರಲೂ ಕೂಡದೆಂದು ವಿಧಿಸಿದೆ. ಇವೆಲ್ಲಕ್ಕಿಂತ ವಿಶೇಷವಾದದ್ದೆಂದರೆ, ಉಪಯೋಗಕ್ಕೆ ಬಾರದ ಮತ್ತು ತಿನ್ನಲು ಆಗದ ನಾಲ್ಕು ಕಾಲಿನ ಪ್ರಾಣಿಗಳೆಲ್ಲವೂ ಅವಧ್ಯವೆಂದು ಆ ಪಟ್ಟಿಯಲ್ಲಿ ಹೇಳಿರುವುದು. ಪ್ರಯೋಜನವಿಲ್ಲದಿರುವುದನ್ನೇ ರಕ್ಷಣೆಗೆ ಕಾರಣವಾಗಿ ಎಣಿಸಿದ ಅರಸನು ಇನ್ನೊಬ್ಬನುಂಟೆ? ಅವನು ಮಾಂಸಾಹಾರವನ್ನು ಪೂರ್ತಿಯಾಗಿ ನಿಷೇಧಿಸಲಿಲ್ಲ. ಹಸಿವಿನಿಂದ ಕೊಲ್ಲುವುದಕ್ಕೂ ಗಮನವಿಲ್ಲದೆ ಕೊಲ್ಲುವುದಕ್ಕೂ ಅವನು ಗೆರೆ ಎಳೆದನು. ಹೊಳೆಯಲ್ಲಿ ಗಾಳ ಹಾಕಿ ಮಕ್ಕಳಿಗೆ ಒಂದು ಹೊತ್ತಿನ ಸಾರನ್ನು ದೊರಕಿಸಿಕೊಳ್ಳುವವನ ವಿಷಯವು ಈ ವಿಚಾರದಿಂದ ಹೊರಗಿನದು. ಅವನ ಕೈಗೆ ಬಂದದ್ದನ್ನು ಅವನು ಕಣ್ಣಾರೆ ಕಾಣುತ್ತಾನೆ. ತೋಟೆಯನ್ನು ಸಿಡಿಸುವವನು, ನೀರಿಗೆ ವಿದ್ಯುತ್ತನ್ನು ಹಾಯಿಸುವವನು, ವಿಷವನ್ನು ಬೆರೆಸುವವನು ತನಗೆ ಬೇಕಾದ ಹತ್ತು ಮೀನುಗಳೊಡನೆ ಬೇಡವಾದ ಸಾವಿರವನ್ನು ಕಾಣದೆಯೇ ಕೊಲ್ಲುತ್ತಾನೆ. ಬೆಳ್ತಂಗಡಿ ತಾಲೂಕಿನ ಶಿಶಿಲದಲ್ಲಿ, ಶಿಶಿಲೇಶ್ವರನ ಸನ್ನಿಧಿಯಲ್ಲಿ ಹರಿಯುವ ಕಪಿಲಾ ನದಿಗೆ 1996ರಲ್ಲಿ ದುಷ್ಟರು ವಿಷವಿಕ್ಕಿದಾಗ ಸಾವಿರಾರು ದೇವರ ಮೀನುಗಳು ಸತ್ತು ತೇಲಿದುವು. ಊರವರು ದುಃಖಪಟ್ಟು ಅವುಗಳಿಗೆ ಒಂದು ಸ್ಮಾರಕವನ್ನೇ ನಿರ್ಮಿಸಿದ್ದಾರೆ. ಮೀನುಗಳ ಹೆಸರಿನಲ್ಲಿ ಎದ್ದ ಆ ಸ್ಮಾರಕವು ಮನುಷ್ಯರಿಗೆ ಗೌರವವನ್ನು ತರುವಂತಹದು. ವಿಷಕ್ಕೆ ದೊಡ್ಡದು ಚಿಕ್ಕದೆಂಬ ಭೇದವಿಲ್ಲ. ಕಲ್ಲಿನಡಿಯಲ್ಲಿ ಸತ್ತು ಕಲ್ಲಿನಡಿಯಲ್ಲಿಯೇ ಉಳಿದ ಕಿರುಮೀನುಗಳನ್ನು ಎಣಿಸಿದವರಾರು?

ಆದರೆ ತೋಟೆಯವನನ್ನೂ ವಿಷವಿಕ್ಕುವವನನ್ನೂ ನಿಂದಿಸುವುದು ಸುಲಭ; ಈ ಪತ್ರಿಕೆಯನ್ನು ಓದುವ ಮನೆಗಳಲ್ಲಿ ಅವರಿಲ್ಲ. ಈ ಮನೆಗಳಲ್ಲಿರುವುದು ಅಡಕೆಯ ತೋಟ. ಮಳೆಗಾಲವು ಹತ್ತಿರ ಬಂತೆಂದರೆ ಕೊಳೆರೋಗದ ಭಯ, ಮದ್ದು ಬಿಡುವ ಗಡಿಬಿಡಿ. ಮೈಸೂರು ಸಂಸ್ಥಾನದ ಕೃಷಿ ಇಲಾಖೆಯಲ್ಲಿದ್ದ ಡಾಕ್ಟರ್ ಕೋಲ್ಮನ್ನರು ಕೊಳೆರೋಗವನ್ನು ಶೋಧಿಸಿ 1910ರಲ್ಲಿ ವರದಿ ಬರೆದು, ಫ್ರಾನ್ಸಿನ ದ್ರಾಕ್ಷಿಯ ತೋಟಗಳಲ್ಲಿ ಬಳಕೆಗೆ ಬಂದಿದ್ದ ಬೋರ್ಡೋ ದ್ರಾವಣವನ್ನು ಅಡಕೆಗೆ ಸಿಂಪಡಿಸುವ ದಾರಿಯನ್ನು ತೋರಿಸಿಕೊಟ್ಟರು. ಒಂದು ಕಿಲೋ ಮೈಲುತುತ್ತು, ಒಂದು ಕಿಲೋ ಸುಣ್ಣ, ನೂರು ಲೀಟರು ನೀರು. ಮಳೆಗೆ ಮೊದಲು ಒಮ್ಮೆ, ನಲವತ್ತು ನಲವತ್ತೈದು ದಿನಗಳಾದ ಮೇಲೆ ಮತ್ತೊಮ್ಮೆ. ಈ ಮದ್ದು ಇಲ್ಲದಿರುತ್ತಿದ್ದರೆ ಎಷ್ಟೋ ಮನೆಗಳ ಒಲೆಯು ಆರುತ್ತಿತ್ತು. ಎಷ್ಟೋ ಮಕ್ಕಳ ವಿದ್ಯಾಭ್ಯಾಸವು ನಿಲ್ಲುತ್ತಿತ್ತು. ಇದನ್ನು ಮರೆತು ಮಾತನಾಡುವ ಧರ್ಮೋಪದೇಶಕ್ಕೆ ಕಿವಿಗೊಡುವ ಅಗತ್ಯವಿಲ್ಲ.

ಆದರೆ ಮೈಲುತುತ್ತು ತಾಮ್ರದ ಲವಣ. ಕೆರೆಯ ಪಾಚಿಯನ್ನು ಕೊಲ್ಲಬೇಕಾದಾಗ ಜನರು ಹಾಕುವುದೂ ಅದನ್ನೇ. ಸುಣ್ಣವು ಕೂಡುವುದರಿಂದ ಅದರ ಉಗ್ರತೆಯು ಬಹಳ ಮಟ್ಟಿಗೆ ತಗ್ಗುವುದೇನೋ ಸರಿ. ಎಲೆಗೆ, ಗೊನೆಗೆ ಅಂಟಿದ್ದು ಅಲ್ಲಿಯೇ ಒಣಗುವುದೂ ಸರಿ. ಆದರೆ ಪೀಪಾಯಿಯನ್ನು ತೋಡಿನಲ್ಲಿ ತೊಳೆದರೆ, ಉಳಿದ ದ್ರಾವಣವನ್ನು ಹರಿಯುವ ನೀರಿಗೆ ಚೆಲ್ಲಿದರೆ, ಮೈಲುತುತ್ತಿನ ಹರಳುಗಳನ್ನು ಕಟ್ಟಿ ನೆನೆಯಿಸಿದ ಗೋಣಿಯನ್ನು ಹೊಳೆಯಲ್ಲಿ ಅದ್ದಿ ಹಿಂಡಿದರೆ ಏನಾಗುವುದು? ಘಟ್ಟದ ತೊರೆಗಳ ನೀರು ಬಹಳ ಮೆದುವಾದದ್ದು, ಅದರಲ್ಲಿ ಸುಣ್ಣದ ಅಂಶವು ಕಡಮೆ. ಅಂತಹ ನೀರಿನಲ್ಲಿ ತಾಮ್ರದ ವಿಷವು ಮೀನುಗಳಿಗೆ ಹೆಚ್ಚು ತೀಕ್ಷ್ಣವಾಗಿ ತಗಲುತ್ತದೆ. ಕೊಲ್ಲದಷ್ಟು ಅಲ್ಪವಾಗಿದ್ದಾಗಲೂ ಮೀನಿನ ಘ್ರಾಣಶಕ್ತಿಯನ್ನು ಕೆಡಿಸುವುದುಂಟೆಂದು ಪರೀಕ್ಷಕರು ಕಂಡುಕೊಂಡಿದ್ದಾರೆ. ವಾಸನೆಯಿಂದ ಶತ್ರುವನ್ನು ಅರಿಯಲಾರದ ಮೀನು ಶತ್ರುವಿನ ಬಾಯಿಗೆ ತಾನೇ ಹೋಗುತ್ತದೆ. ಮೀನು ಹೇಗೋ ಉಳಿಯಿತೆಂದರೂ, ಕಲ್ಲಿನ ಪಾಚಿಯು ಸತ್ತರೆ ಕಲ್ಲನ್ನು ಅಪ್ಪಿಕೊಂಡು ಬಾಳುವುದಕ್ಕೆ ತಿನ್ನಲು ಏನಿದೆ? ಅದು ಹೆಣವಾಗಿ ತೇಲಿ ಯಾರ ಕಣ್ಣಿಗೂ ಬೀಳುವುದಿಲ್ಲ. ಒಂದು ವರ್ಷ ಇತ್ತು, ಇನ್ನೊಂದು ವರ್ಷ ಇಲ್ಲ, ಇಷ್ಟೇ.

ಇಲ್ಲಿ ಒಂದು ಬಲವಾದ ಆಕ್ಷೇಪವು ಏಳುತ್ತದೆ. ಹೀಗೆ ಎಣಿಸುತ್ತ ಹೋದರೆ ಮನುಷ್ಯನು ಕೈಕಾಲು ಆಡಿಸುವುದೇ ಕಷ್ಟವಾಗಲಾರದೆ? ನೆಲವನ್ನು ಅಗೆದರೆ ಹುಳ ಸಾಯುತ್ತದೆ, ದೀಪವನ್ನು ಹಚ್ಚಿದರೆ ಪತಂಗ ಸಾಯುತ್ತದೆ. ಮೀನುಗಳೇ ಒಂದನ್ನೊಂದು ನುಂಗುತ್ತವೆ. ಲೋಕವು ಹೀಗೆಯೇ ಇರುವಾಗ ಮನುಷ್ಯನಿಗೆ ಮಾತ್ರ ಈ ಕಟ್ಟಳೆ ಏಕೆ? ಇದರ ಎರಡನೆಯ ಭಾಗಕ್ಕೆ ಉತ್ತರವು ಸುಲಭ. ದೊಡ್ಡ ಮೀನು ಚಿಕ್ಕ ಮೀನನ್ನು ನುಂಗುವ ಸ್ಥಿತಿಗೆ ಅರ್ಥಶಾಸ್ತ್ರಕಾರರು ಮಾತ್ಸ್ಯನ್ಯಾಯವೆಂದು ಹೆಸರಿಟ್ಟದ್ದು ಅದನ್ನು ಅನುಸರಿಸಲೆಂದಲ್ಲ, ಅದು ಬಾರದಂತೆ ತಡೆಯುವುದೇ ರಾಜ್ಯದ ಕೆಲಸವೆಂದು ತೋರಿಸಲಿಕ್ಕೆ. ಮೀನಿನ ನಡತೆಯನ್ನು ತನಗೆ ಪ್ರಮಾಣವೆಂದು ಹೇಳಿಕೊಳ್ಳುವವನು ವಾದದಲ್ಲಿ ಗೆದ್ದರೂ ಮನುಷ್ಯತ್ವವನ್ನು ಬಿಟ್ಟುಕೊಡಬೇಕಾದೀತು.

ಮೊದಲನೆಯ ಭಾಗವು ಅಷ್ಟು ಸುಲಭವಲ್ಲ. ಅದಕ್ಕೆ ಧರ್ಮಶಾಸ್ತ್ರವೇ ದಾರಿ ತೋರಿಸಬೇಕು. ಗೃಹಸ್ಥನ ಮನೆಯಲ್ಲಿ ಐದು ಸೂನೆಗಳು, ಎಂದರೆ ಐದು ಕೊಲೆಯ ಸ್ಥಾನಗಳು, ಇವೆಯೆಂದು ಮನುಸ್ಮೃತಿಯು ಎಣಿಸುತ್ತದೆ: ಒಲೆ, ಬೀಸುವ ಕಲ್ಲು, ಪೊರಕೆ, ಒರಳು ಒನಕೆ, ನೀರಿನ ಕೊಡ. ಕಸಾಯಿಯ ಕತ್ತಿಯನ್ನಲ್ಲ, ಮುತ್ತೈದೆಯರು ದಿನವೂ ಮುಟ್ಟುವ ಪಾತ್ರೆಪರಿಕರಗಳನ್ನೇ ಶಾಸ್ತ್ರವು ಆ ಕ್ರೂರವಾದ ಹೆಸರಿನಿಂದ ಕರೆದಿದೆ. ಒಲೆಯನ್ನು ಉರಿಸಬೇಡ, ನೀರು ತರಬೇಡ ಎಂದು ಅದು ಹೇಳಲಿಲ್ಲ. ಕೊಲೆಯು ಅನಿವಾರ್ಯವಾದುದರಿಂದ ಅದು ಕೊಲೆಯೇ ಅಲ್ಲವೆಂದೂ ಹೇಳಲಿಲ್ಲ. ನಡೆದದ್ದನ್ನು ನಡೆದದ್ದೆಂದು ಲೆಕ್ಕಕ್ಕೆ ಹಿಡಿದು, ದಿನದಿನವೂ ಪಂಚಮಹಾಯಜ್ಞಗಳಿಂದ ಆ ಸಾಲವನ್ನು ತೀರಿಸುತ್ತಿರಬೇಕೆಂದು ವಿಧಿಸಿತು. ಅವುಗಳಲ್ಲಿ ಭೂತಯಜ್ಞವು ಒಂದು, ಹೆಸರಿಲ್ಲದ ಪ್ರಾಣಿಗಳಿಗೆ ಮನೆಯ ಅನ್ನದಿಂದ ಪಾಲಿಡುವುದು. ಎರಡು ಸುಲಭವಾದ ದಾರಿಗಳು ಇದ್ದುವು: ಎಲ್ಲವನ್ನೂ ಬಿಟ್ಟು ಕಾಡಿಗೆ ಹೋಗುವುದೊಂದು, ಯಾವುದನ್ನೂ ಎಣಿಸದೆ ಉಂಡು ಮಲಗುವುದೊಂದು. ಶಾಸ್ತ್ರವು ಗೃಹಸ್ಥನಿಗೆ ಎರಡನ್ನೂ ಕೊಡಲಿಲ್ಲ.

ಒರಳು ಬೀಸುಕಲ್ಲುಗಳು ಈಗ ಅಟ್ಟವನ್ನು ಸೇರಿವೆ. ಅವುಗಳ ಸ್ಥಾನದಲ್ಲಿ ಮದ್ದು ಬಿಡುವ ಪಂಪು, ಕಳೆನಾಶಕದ ಡಬ್ಬಿ, ಹೊಳೆಯ ಗುಂಡಿಯನ್ನು ಬೇಸಗೆಯಲ್ಲಿ ತಳ ಕಾಣುವ ವರೆಗೆ ಎಳೆಯುವ ಯಂತ್ರ ಇವು ಬಂದಿವೆ. ಸೂನೆಗಳ ಪಟ್ಟಿಯನ್ನು ಹಳೆಯ ಐದಕ್ಕೇ ನಿಲ್ಲಿಸಿ ವೈಶ್ವದೇವವನ್ನು ಮಾಡಿ ಮುಗಿಸುವ ಮನೆಯಲ್ಲಿ ಲೆಕ್ಕವು ಸರಿಯಾಗಿ ಕೂಡುತ್ತಿಲ್ಲವೆಂದೇ ಹೇಳಬೇಕು. ಗಯದ ಅಂಚಿನಲ್ಲಿ ನಿಂತು ದೇವರ ಮೀನಿಗೆ ಹಾಕುವ ಒಂದು ಹಿಡಿ ಅರಳು ಒಳ್ಳೆಯದೇ, ಅರಳು ತಂದ ಪ್ಲಾಸ್ಟಿಕ್ಕಿನ ಚೀಲವನ್ನು ಅಲ್ಲಿಯೇ ಎಸೆಯದಿದ್ದರೆ. ಆದರೆ ಆ ಮೀನು ಉಣ್ಣುವ ನೀರು ನೂರಾರು ತೋಟಗಳ ನೂರಾರು ತೋಡುಗಳಿಂದ ಕೂಡಿ ಬಂದದ್ದು. ಕ್ಷೇತ್ರದಲ್ಲಿ ಸಲ್ಲಿಸುವ ಸೇವೆಗೂ ಮನೆಯ ಹಿಂದಣ ತೋಡಿನಲ್ಲಿ ಮಾಡುವ ಕೆಲಸಕ್ಕೂ ಸಂಬಂಧವಿಲ್ಲವೆಂದು ಹೊಳೆಯು ತಿಳಿಯುವುದಿಲ್ಲ.

ಭಾಗವತದ ಶಫರಿಗೆ ಮಾತು ಬರುತ್ತಿತ್ತು. ಚೆಲ್ಲಿದ ಮೇಲೆಯೂ ಅದು ಕೂಗಿ ಹೇಳಿತು. ಅರಸನಿಗೆ ತಿದ್ದಿಕೊಳ್ಳುವ ಅವಕಾಶವು ದೊರೆಯಿತು. ಕುಮಾರಧಾರೆಯ ಕಲ್ಲುಗಳ ಮೇಲಿರುವುದಕ್ಕೆ ಆ ಅನುಕೂಲವಿಲ್ಲ. ಆದುದರಿಂದ ಅದರ ಪರವಾಗಿ ನೆನಪಿಡಬೇಕಾದವರು ಮದ್ದು ಕದಡುವವರೇ, ಮತ್ತು ಆ ಕೆಲಸವನ್ನು ಆಳುಗಳಿಗೆ ಒಪ್ಪಿಸಿ ಜಗಲಿಯಲ್ಲಿ ಕುಳಿತಿರುವ ಯಜಮಾನರು. ಮಾಡಬೇಕಾದದ್ದು ದೊಡ್ಡದೇನೂ ಅಲ್ಲ. ಮೋಡವು ಕವಿದು ಮಳೆ ಸುರಿಯುವಂತಿರುವ ದಿನ ಮದ್ದು ಬಿಡದಿರುವುದು ಲೆಕ್ಕಾಚಾರಕ್ಕೂ ಒಳ್ಳೆಯದು. ತೊಳೆದುಹೋದ ಮದ್ದಿಗೆ ಕೊಟ್ಟ ಹಣವು ಮರಳಿ ಬಾರದು. ತೋಡಿನ ಎರಡು ದಡಗಳಲ್ಲಿಯೂ ಪೊದೆಯನ್ನು ಬೋಳಿಸದೆ ಒಂದೆರಡು ಮಾರು ಬಿಟ್ಟರೆ ನೆರಳೂ ಉಳಿಯುತ್ತದೆ, ಮಣ್ಣೂ ಉಳಿಯುತ್ತದೆ. ಪೀಪಾಯಿಯನ್ನು ತೊಳೆದ ನೀರನ್ನು ತೋಟದ ಮೂಲೆಯಲ್ಲಿ ತೋಡಿಗೆ ಹರಿಯದ ಹಾಗೆ ಒಂದು ಗುಂಡಿ ತೆಗೆದು ಅದಕ್ಕೆ ಹೊಯ್ಯುವ ಮನೆಗಳು ಈ ಸೀಮೆಯಲ್ಲಿ ಇವೆ. ಹತ್ತಿರವೆಂದು ನೇರವಾಗಿ ತೋಡಿಗೇ ಚೆಲ್ಲುವ ಮನೆಗಳೂ ಇವೆ. ಪೀಪಾಯಿ ಇಟ್ಟ ಜಾಗದಿಂದ ತೋಡಿಗೆ ಹತ್ತು ಹೆಜ್ಜೆ, ಗುಂಡಿಗೆ ಮೂವತ್ತು.